ಅಧಿಕಾರಿಯ ಹೆಸರು ಅಚ್ಚಿಗೆ ಹೋಗುವ ಮುನ್ನ: ವರದಿಗಾರನಾಗಿ ನನ್ನ ಅನುಭವ

ಅಧಿಕಾರಿಗಳ ಮೇಲಿನ ಸುದ್ದಿಯನ್ನು ನಾನು ಹೇಗೆ ಕಟ್ಟುತ್ತೇನೆ ಎಂದು ಹೊಸ ವರದಿಗಾರರು ಕೇಳುತ್ತಿರುತ್ತಾರೆ. ಒಂದು ರಸ್ತೆ ಕಾಮಗಾರಿಯ ಸುದ್ದಿಯನ್ನೇ ಉದಾಹರಣೆಯಾಗಿ ಹೇಳುತ್ತೇನೆ.

ಡಾಂಬರು ಕಾಣದ ರಸ್ತೆಗೆ ಪೂರ್ತಿ ಬಿಲ್ ಪಾವತಿಯಾಗಿದೆ ಎಂದು ಇಲಾಖೆಯೊಳಗಿನವರೇ ತಿಳಿಸಿದ್ದರು, ಜೊತೆಗೆ ಒಬ್ಬ ಎಂಜಿನಿಯರ್ ಹೆಸರನ್ನೂ ಹೇಳಿದ್ದರು. ತಮ್ಮ ಹೆಸರು ಹೊರಬರಬಾರದು ಎನ್ನುವವರ ಮಾತಿನ ಮೇಲೆ ಇನ್ನೊಬ್ಬರ ಹೆಸರನ್ನು ಅಚ್ಚು ಹಾಕಲು ನನಗೆ ಮನಸ್ಸು ಬರುವುದಿಲ್ಲ. ಮಾಹಿತಿ ಹಕ್ಕು ಕಾಯ್ದೆಯಡಿ ಅಂದಾಜು ಪಟ್ಟಿ, ಅಳತೆ ಪುಸ್ತಕ (ಆದ ಕೆಲಸದ ಅಳತೆ ಬರೆದಿಡುವ ದಾಖಲೆ), ಬಿಲ್ಲುಗಳ ದೃಢೀಕೃತ ಪ್ರತಿ ಕೇಳಿದೆ. 30 ದಿನಗಳ ಗಡುವು ದಾಟಿದರೂ ಉತ್ತರವಿಲ್ಲ. ಮೇಲ್ಮನವಿ ಹಾಕಿದ ಮೇಲೆ ಕಾಗದ ಬಂತು. ಅಳತೆ ಬರೆದವರು ಒಬ್ಬರು, ಅದನ್ನು ಪರಿಶೀಲಿಸಿ ಸಹಿ ಹಾಕಿದವರು ಇನ್ನೊಬ್ಬರು. ನನಗೆ ಹೇಳಿದ್ದ ಹೆಸರು ಬಿಲ್ ಮಂಜೂರಾತಿಯಲ್ಲಿ ಮಾತ್ರ ಇತ್ತು. ಯಾರ ಹೊಣೆ ಎಷ್ಟು ಎಂಬುದನ್ನು ಬಾಯಿಮಾತು ತಪ್ಪಾಗಿ ಹೇಳಿತ್ತು, ಕಾಗದ ಸರಿಪಡಿಸಿತು.

ಆಮೇಲೆ ಸ್ಥಳಕ್ಕೆ ಹೋಗಿ ಟೇಪು ಹಿಡಿದು ಅಳೆದೆ, ದಿನಾಂಕ ಸಮೇತ ಫೋಟೊ ತೆಗೆದೆ. ಮೂವರಿಗೂ ಲಿಖಿತ ಪ್ರಶ್ನೆ ಕಳಿಸಿದೆ. 'ನಿಮ್ಮ ಪ್ರತಿಕ್ರಿಯೆ ಏನು' ಎಂಬ ಪ್ರಶ್ನೆಗೆ ಬೆಲೆಯಿಲ್ಲ. ಇಂಥ ಪುಟದಲ್ಲಿ ಇಂಥ ಅಳತೆ ಇದೆ, ಸ್ಥಳದಲ್ಲಿ ಅಷ್ಟು ಕಾಣುತ್ತಿಲ್ಲ, ಕಾರಣವೇನು ಎಂದು ಕೇಳಬೇಕು, ಉತ್ತರಿಸಲು ಸಾಕಷ್ಟು ಸಮಯವನ್ನೂ ಕೊಡಬೇಕು. ಒಬ್ಬರು ಉತ್ತರಿಸಿದರು. ಅದನ್ನು ಅದೇ ಸುದ್ದಿಯಲ್ಲಿ, ಆರೋಪದ ಪಕ್ಕದಲ್ಲೇ ಹಾಕಿದೆವು.

ಈ ಶ್ರಮಕ್ಕೆ ಕಾನೂನಿನಲ್ಲಿ ನೇರ ಬೆಲೆ ಇದೆ. 1994ರ ಆರ್. ರಾಜಗೋಪಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದನ್ನು ಪ್ರತಿ ವರದಿಗಾರನೂ ಓದಬೇಕು. ಅಧಿಕಾರಿಯ ಕರ್ತವ್ಯಕ್ಕೆ ಸಂಬಂಧಿಸಿದ ನಡವಳಿಕೆಯ ಬಗ್ಗೆ ಬರೆದ ಸಂಗತಿ ಕೊನೆಗೆ ತಪ್ಪೆಂದು ಕಂಡುಬಂದರೂ, ಸತ್ಯವನ್ನು ಲೆಕ್ಕಿಸದೆ ಬರೆಯಲಾಗಿದೆ ಎಂದು ಆ ಅಧಿಕಾರಿ ತೋರಿಸದ ಹೊರತು ಅವರಿಗೆ ಮಾನನಷ್ಟ ಪರಿಹಾರ ಸಿಗುವುದಿಲ್ಲ. ಸಕಾರಣವಾಗಿ ಪರಿಶೀಲಿಸಿದ್ದೇನೆ ಎಂದು ಪತ್ರಿಕೆ ತೋರಿಸಿದರೆ ಸಾಕು. ಪರಿಶೀಲಿಸಿದ್ದಕ್ಕೆ ಸಾಕ್ಷಿ ಆ ಅರ್ಜಿ, ಆ ಫೋಟೊ, ಆ ಪ್ರಶ್ನೆಗಳೇ. ಅಧಿಕಾರಿಯ ಖಾಸಗಿ ಬದುಕಿನ ಬಗ್ಗೆ ಬರೆದರೆ ಪತ್ರಿಕೆಗೆ ಈ ರಕ್ಷಣೆ ಇಲ್ಲ. ಎಂಜಿನಿಯರ್ ಒಬ್ಬರ ಮನೆಯ ವಿಚಾರವನ್ನೂ ಯಾರೋ ತಂದುಕೊಟ್ಟಿದ್ದರು. ಬಿಲ್ಲಿಗೂ ಅದಕ್ಕೂ ಸಂಬಂಧವಿರಲಿಲ್ಲ, ಬಿಟ್ಟೆ.

ಮಾನನಷ್ಟದ ಕ್ರಿಮಿನಲ್ ದೂರು ಬಂದರೆ ಕಥೆ ಬೇರೆ. ಹಿಂದಿನ ಭಾರತೀಯ ದಂಡ ಸಂಹಿತೆಯ (ಐಪಿಸಿ) 499, 500ನೇ ಕಲಂಗಳು 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಂ ಆಗಿವೆ. ಎರಡು ವರ್ಷದವರೆಗೆ ಸಾದಾ ಸಜೆ, ದಂಡ, ಇಲ್ಲವೇ ಸಮುದಾಯ ಸೇವೆ ವಿಧಿಸಬಹುದು. ಸತ್ಯ ಹೇಳಿದ್ದಷ್ಟೇ ಅಲ್ಲಿ ಸಾಲದು, ಅದು ಸಾರ್ವಜನಿಕ ಹಿತಕ್ಕೆ ಎಂದೂ ತೋರಿಸಬೇಕು. ಅಧಿಕಾರಿಯ ಸಾರ್ವಜನಿಕ ನಡವಳಿಕೆಯ ಮೇಲಿನ ಅಭಿಪ್ರಾಯಕ್ಕೆ ವಿನಾಯಿತಿ ಇದೆ, ಆದರೆ ಸದ್ಭಾವನೆ ಇರಬೇಕು. ತಕ್ಕ ಎಚ್ಚರ ವಹಿಸದೆ ಮಾಡಿದ್ದನ್ನು ಕಾನೂನು ಸದ್ಭಾವನೆ ಎನ್ನುವುದಿಲ್ಲ. 2016ರಲ್ಲಿ ಸುಬ್ರಮಣಿಯನ್ ಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಕ್ರಿಮಿನಲ್ ಕಾನೂನನ್ನು ಎತ್ತಿಹಿಡಿಯಿತು. ನನಗದು ಇಂದಿಗೂ ಒಪ್ಪಿಗೆಯಾಗಿಲ್ಲ. ಅಧಿಕಾರದಲ್ಲಿರುವವರ ಕೆಲಸವನ್ನು ಪ್ರಶ್ನಿಸಿದ್ದಕ್ಕೆ ವರದಿಗಾರ ಕಟಕಟೆಯಲ್ಲಿ ಆರೋಪಿಯಾಗಿ ನಿಲ್ಲಬೇಕಾಗುವುದು ಅನ್ಯಾಯ. ಸಣ್ಣ ಪತ್ರಿಕೆಗೆ ವಿಚಾರಣೆಯ ಅಲೆದಾಟವೇ ಶಿಕ್ಷೆ.

ಭಾಷೆಯ ವಿಷಯಕ್ಕೆ ಬಂದರೆ, 'ನುಂಗಿದರು' ಎಂದು ನಾವು ಬರೆಯಲಿಲ್ಲ. ಪುಸ್ತಕದ ಅಳತೆಗೂ ರಸ್ತೆಗೂ ತಾಳೆಯಾಗುತ್ತಿಲ್ಲ ಎಂದೆವು, ಪುಟದ ಚಿತ್ರವನ್ನೂ ಹಾಕಿದೆವು. ಓದುಗರಿಗೆ ಅಷ್ಟರಲ್ಲೇ ಅರ್ಥವಾಯಿತು. 'ಎನ್ನಲಾಗಿದೆ' ಸೇರಿಸಿದರೆ ಪಾರಾಗುತ್ತೇವೆಂದು ಅನೇಕರು ನಂಬಿದ್ದಾರೆ. ಇನ್ನೊಬ್ಬರ ಆರೋಪವನ್ನು ಮತ್ತೆ ಅಚ್ಚು ಹಾಕಿದರೆ ಆ ಪ್ರಕಟಣೆಯ ಹೊಣೆ ನಮ್ಮದೇ.

ಲೀಗಲ್ ನೋಟಿಸ್ ಬಂತು. ಕ್ಷಮೆಯನ್ನೂ ಕೇಳಲಿಲ್ಲ, ಸುಮ್ಮನೂ ಕೂರಲಿಲ್ಲ. ವಕೀಲರು ದಾಖಲೆಗಳ ಪಟ್ಟಿಯೊಂದಿಗೆ ಉತ್ತರ ಬರೆದರು. ಪ್ರಕರಣ ಮುಂದಕ್ಕೆ ಹೋಗಲಿಲ್ಲ. ಆದರೂ ಕಾಗದಗಳನ್ನು ಎಸೆಯುವಂತಿಲ್ಲ: ಸಿವಿಲ್ ದಾವೆಗೆ ಕಾಲಮಿತಿ ಒಂದು ವರ್ಷ, ಖಾಸಗಿ ಕ್ರಿಮಿನಲ್ ದೂರಿಗೆ ಮೂರು ವರ್ಷ. ಮಾಹಿತಿ ಕೊಟ್ಟವರ ಗುರುತು ಸಿಗುವ ಟಿಪ್ಪಣಿಯನ್ನು ಮಾತ್ರ ಇವುಗಳ ಜೊತೆ ಎಂದೂ ಇಡಬೇಡಿ.