ಮೆಲುದನಿಯಲ್ಲಿ ಸಿಕ್ಕಿತು ಸಿರಿವಂತಿಕೆ: ನನ್ನ ರ‍್ಯಾಪ್ ಆಲ್ಬಂ ಅನುಭವ

ಒಂಬತ್ತು ಹಾಡುಗಳ ಆಲ್ಬಂ ಕೊನೆಗೂ ನಾನು ಅಂದುಕೊಂಡಂತೆ ಕೇಳಿಸುತ್ತಿದೆ. "ಐಷಾರಾಮದ ರ‍್ಯಾಪ್‌ಗೆ ಅಬ್ಬರ ಬೇಕು, ಹೀಗೆ ಗುನುಗಿದರೆ ಯಾರು ನಂಬುತ್ತಾರೆ?" ಎಂದಿದ್ದ ಗೆಳೆಯರೇ ಈಗ ದನಿಗೆ ಏನೇನು ಹಾಕಿದ್ದೀಯ ಎಂದು ಕೇಳುತ್ತಿದ್ದಾರೆ.

ಮೊದಲ ಆವೃತ್ತಿಯಲ್ಲಿ ಬರೀ ಕಾರು, ಗಡಿಯಾರ, ಷಾಂಪೇನ್‌ಗಳ ಹೆಸರು ತುಂಬಿತ್ತು, ಗಂಟಲು ಹರಿಯುವಂತೆ ಕೂಗಿದ್ದೆ. ಮುಖಪುಟಕ್ಕೆಂದು ಒಂದು ದಿನ ದುಬಾರಿ ಕಾರನ್ನು ಬಾಡಿಗೆಗೆ ತಂದೆ. ಅದು ನನ್ನದಲ್ಲ ಎಂಬುದು ನಾನು ಒರಗಿ ನಿಂತ ರೀತಿಯಲ್ಲೇ ಗೊತ್ತಾಗುತ್ತಿತ್ತು. ಎರಡು ಹಾಡುಗಳು ಹಳೆಯ ಸೋಲ್ ಸಂಗೀತದ ಹಾಡುಗಳಿಂದ ಕತ್ತರಿಸಿ ತಂದ ತುಣುಕುಗಳ, ಅಂದರೆ ಸ್ಯಾಂಪಲ್‌ಗಳ ಮೇಲೆ ನಿಂತಿದ್ದವು. ರೆಕಾರ್ಡಿಂಗ್ ಹಕ್ಕಿನವರು ಒಪ್ಪಿದರು, ಸಂಗೀತ ರಚನೆಯ ಹಕ್ಕಿನವರು ಒಪ್ಪಲಿಲ್ಲ. ಎರಡೂ ಕೈಬಿಟ್ಟವು. ಒಟ್ಟು ಐದು ತಿಂಗಳ ಸಂಬಳದಷ್ಟು ಹಣ ನೀರುಪಾಲಾಯಿತು.

ಒಂದು ರಾತ್ರಿ ಮನೆಯವರ ನಿದ್ದೆ ಕೆಡಬಾರದೆಂದು ಮೈಕಿನಿಂದ ನಾಲ್ಕು ಬೆರಳು ದೂರದಲ್ಲಿ ಪಿಸುದನಿಯಲ್ಲಿ ಒಂದು ಟೇಕ್ ಹಾಡಿದೆ. ಬೆಳಿಗ್ಗೆ ಕೇಳಿದಾಗ ಮೈ ಜುಮ್ಮೆಂದಿತು. ಹತ್ತಿರ ಹೋದಾಗ ದಪ್ಪಗಾದ ಆ ಕೆಳದನಿಯಲ್ಲಿ, ಯಾರ ಮುಂದೆಯೂ ಕೂಗಬೇಕಾಗಿಲ್ಲದ ಒಬ್ಬ ಮನುಷ್ಯ ಇದ್ದ. ಅವನೇ ನನ್ನ ಪಾತ್ರ ಎಂದು ಅಂದೇ ತೀರ್ಮಾನಿಸಿದೆ. ಬ್ರ್ಯಾಂಡ್ ಹೆಸರುಗಳನ್ನೆಲ್ಲ ಹೊಡೆದುಹಾಕಿ, ಹಾಡಿಗೆ ಒಂದೇ ವಸ್ತು ಎಂದು ಕಟ್ಟುಹಾಕಿಕೊಂಡೆ. ಅಂತ್ಯಪ್ರಾಸ ಸಾಲನ್ನು ಗಟ್ಟಿಯಾಗಿ ಮುಗಿಸುತ್ತಿತ್ತು, ಆದ್ದರಿಂದ ಸಾಲುಗಳ ಎರಡನೆಯ ಅಕ್ಷರ ಹೊಂದುವ ಆದಿಪ್ರಾಸ ಹಿಡಿದೆ: "ಬಾಗಿಲು ತೆರೆದಿದೆ, ನಾನಿನ್ನೂ ಎದ್ದಿಲ್ಲ, ಸಾಗಲಿ ಹೊತ್ತು, ಗುಂಡಿ ಇನ್ನೊಂದು ಉಳಿದಿದೆ." ಕೊನೆಯ ಪದ ಸುಮ್ಮನೆ ಕೆಳಗಿಳಿಯುತ್ತದೆ, ಆಮೇಲೆ ಅರ್ಧ ಬಾರ್ (ತಾಳದ ಎರಡು ಪೆಟ್ಟು) ಮೌನ. ಆ ಮೌನಕ್ಕಾಗಿಯೇ ಹಿನ್ನೆಲೆ ಸಂಗೀತದಿಂದ ಪಿಯಾನೋ ತೆಗೆದೆ.

ನಡುವೆ ಒಂದು ಹುಚ್ಚು ಪ್ರಯೋಗವನ್ನೂ ಮಾಡಿದೆ. ಯಾಂತ್ರಿಕ ಕೈಗಡಿಯಾರಗಳಲ್ಲಿ ಹಲವು ಗಂಟೆಗೆ 28,800 ಸಲ, ಅಂದರೆ ಸೆಕೆಂಡಿಗೆ ಎಂಟು ಸಲ ಬಡಿಯುತ್ತವೆ. 80 ಬಿಪಿಎಂನಲ್ಲಿ (ನಿಮಿಷಕ್ಕೆ ತಾಳದ 80 ಪೆಟ್ಟು, ಅಂದರೆ ಬೀಟು) ಒಂದು ಬೀಟಿಗೆ ಸರಿಯಾಗಿ ಆರು ಬಡಿತ! ಅಂಥದೊಂದನ್ನು ಎರವಲು ತಂದು, ವಸ್ತುವಿನ ಕಂಪನವನ್ನೇ ಹಿಡಿಯುವ ಕಾಂಟ್ಯಾಕ್ಟ್ ಮೈಕ್ ಅಂಟಿಸಿ, ರಜಾಯಿಯಲ್ಲಿ ಸುತ್ತಿ ರೆಕಾರ್ಡ್ ಮಾಡಿದೆ. ಮೊದಲ ಇಪ್ಪತ್ತು ಟೇಕ್‌ಗಳಲ್ಲಿ ಫ್ಯಾನಿನ ಸದ್ದೇ ಹೆಚ್ಚು. ಈಗ ನಾಲ್ಕನೆಯ ಹಾಡಿನಲ್ಲಿ ಹೈ-ಹ್ಯಾಟ್ (ಡ್ರಮ್ಸ್‌ನ ಜೋಡಿ ತಾಳ) ಇಲ್ಲವೇ ಇಲ್ಲ, ಇರುವುದು ಆ ಗಡಿಯಾರ. ಅದರ ಬಗ್ಗೆ ನನಗೆ ಹೆಮ್ಮೆಯಿದೆ.

ಮಾಸ್ಟರಿಂಗ್‌ನಲ್ಲಿ (ಬಿಡುಗಡೆಗೆ ಮುಂಚಿನ ಕೊನೆಯ ಹದದಲ್ಲಿ) ಸದ್ದು ಜೋರಾಗಲೆಂದು ಹಿಂಡಲು ಹೋಗಲಿಲ್ಲ. ಸ್ಪಾಟಿಫೈ ಹೇಗಿದ್ದರೂ ಮೈನಸ್ 14 ಎಲ್‌ಯುಎಫ್‌ಎಸ್ (ಕೇಳುವ ಜೋರನ್ನು ಅಳೆಯುವ ಮಾನ) ಆಸುಪಾಸಿಗೆ ತಂದು ನಿಲ್ಲಿಸುತ್ತದೆ. ಮುಖ್ಯ ದನಿಯ ಹಿಂದೆ ಇನ್ನೊಂದು ಪದರವಿದೆ. ಅದನ್ನು ಹೇಗೆ ಮಾಡಿದೆ ಎಂದು ಸದ್ಯಕ್ಕೆ ಹೇಳುವುದಿಲ್ಲ, ಮುಂದಿನ ಆಲ್ಬಮ್ಮಿಗೂ ಅದು ಬೇಕು.

ಎರಡನೆಯ ಸುತ್ತಿಗೆ ಆದ ಖರ್ಚು ಮೊದಲಿನದರ ಐದನೆಯ ಒಂದು ಭಾಗವೂ ಇರಲಾರದು. ಮುಖಪುಟವನ್ನು ಕಿಟಕಿಯ ಬೆಳಕಿನಲ್ಲಿ ಮೊಬೈಲಿನಲ್ಲೇ ತೆಗೆದೆ: ಕೋಟಿನ ತೋಳು, ಹಾಕದೆ ಉಳಿದ ಒಂದು ಗುಂಡಿ. ಕೋಟು ಯಾವ ಕಂಪನಿಯದು ಎಂದು ಈಗಾಗಲೇ ಹತ್ತಾರು ಜನ ಕೇಳಿದ್ದಾರೆ.