ಚಾಕೊಲೇಟ್ ಕ್ಲಾಸಿಗೆ ಹೋದರೆ ಹದ ಹಿಡಿಯುವುದನ್ನು ಕಲಿತು ಬನ್ನಿ

ರಜೆ ಬಂದರೆ ಬಾಲಿ, ಶ್ರೀಲಂಕಾ, ಕೇರಳ ಅಂತ ಹೊರಡುವ ಮೈಸೂರಿನವರಿಗೆ ಈಗ ಹೊಸ ಆಸೆಯೊಂದು ಹತ್ತಿಕೊಂಡಿದೆ. ಚಾಕೊಲೇಟ್ ಮಾಡುವ ಕ್ಲಾಸು. ಕೋಕೋ ತೋಟ ಸುತ್ತುತ್ತಾರೆ, ಬೀಜ ಹುರಿಯುತ್ತಾರೆ, ಅಚ್ಚಿಗೆ ಹೊಯ್ಯುತ್ತಾರೆ, ತಾವೇ ಮಾಡಿದ ಬಾರ್ ಹಿಡಿದುಕೊಂಡು ಊರಿಗೆ ಬರುತ್ತಾರೆ. ಬಂದವರು ಮನೆಯಲ್ಲೂ ಒಂದು ಕೈ ನೋಡೋಣ ಅಂತ ಶುರು ಮಾಡುತ್ತಾರೆ. ಆಮೇಲೆ ನನಗೆ ಫೋನ್ ಬರುತ್ತದೆ. ಚಾಕೊಲೇಟ್ ಮೇಲೆ ಬಿಳಿ ಬಿಳಿ ಮಚ್ಚೆ ಬಂದಿದೆ. ಅಚ್ಚಿನಿಂದ ಬಿಡುತ್ತಲೇ ಇಲ್ಲ. ಇಲ್ಲವೇ, ಕರಗಿಸುವಾಗಲೇ ಗಂಟುಗಂಟಾಗಿ ಕೂತುಬಿಟ್ಟಿತು.

ಈ ಮೂರೂ ಎಡವಟ್ಟು ಆಗುವುದು ಕೊನೆಯ ಅರ್ಧ ಗಂಟೆಯಲ್ಲಿ, ಚಾಕೊಲೇಟ್ ಕರಗಿಸಿ, ಸರಿಯಾದ ಬಿಸಿಗೆ ತಂದು ಹದ ಹಿಡಿಯುವಾಗ. ಕ್ಲಾಸಿನಲ್ಲಿ ಆ ಕೆಲಸವನ್ನು ಅಲ್ಲಿನವರೇ ಮಾಡಿ ಮುಗಿಸಿರುತ್ತಾರೆ. ಬಂದವರ ಕೈಗೆ ಸಿಗುವುದು ಅಚ್ಚಿಗೆ ಹೊಯ್ಯುವ ಕೆಲಸ ಮಾತ್ರ. ಹಾಗಾಗಿ ದುಡ್ಡು ಕೊಟ್ಟು ಹೋಗುವ ಮೊದಲೇ ಇದನ್ನು ಓದಿಕೊಂಡು ಹೋಗಿ.

ಯಾವ ಕ್ಲಾಸು, ಎಲ್ಲಿ?

ಕೋಕೋ ಮರಕ್ಕೆ ಸೆಕೆ, ಮಳೆ, ನೆರಳು ಮೂರೂ ಬೇಕು. ಭೂಮಧ್ಯರೇಖೆಯ ಆಚೆ ಈಚೆ ಸುಮಾರು 20 ಡಿಗ್ರಿ ಅಕ್ಷಾಂಶದೊಳಗೆ ಮಾತ್ರ ಅದು ಚೆನ್ನಾಗಿ ಬೆಳೆಯುತ್ತದೆ. ಮರ ಇರುವ ಕಡೆಯೇ ಕ್ಲಾಸು ಹುಡುಕಿ. ಬಾಲಿಯ ಪಶ್ಚಿಮ ಭಾಗದ ಜೆಂಬ್ರಾನ, ಶ್ರೀಲಂಕಾದ ಮಾತಳೆ, ಕೇರಳದ ಇಡುಕ್ಕಿ, ಎಲ್ಲ ಕಡೆಯೂ ಕೋಕೋ ಇದೆ. ಅಷ್ಟು ದೂರ ಯಾಕೆ, ಮಂಡ್ಯ, ಮೈಸೂರಿನ ಮೇಲೆ ಹಾದು ಮಡಿಕೇರಿ ದಾಟುವ ಹೆದ್ದಾರಿಯಲ್ಲೇ ಸಂಪಾಜೆ ಘಾಟಿ ಇಳಿದರೆ ಸುಳ್ಯ, ಪುತ್ತೂರು. ಅಲ್ಲಿನ ಅಡಿಕೆ ತೋಟಗಳಲ್ಲಿ ಅಡಿಕೆ ಮರದ ಕೆಳಗೇ ಕೋಕೋ ಬೆಳೆಯುತ್ತಾರೆ. ಪುತ್ತೂರಿನಲ್ಲಿ ಕ್ಯಾಂಪ್ಕೋ ಚಾಕೊಲೇಟ್ ಕಾರ್ಖಾನೆ 1986ರಿಂದ ಇದೆ. ಪರಿಚಯದ ತೋಟದವರಿದ್ದರೆ ಹಣ್ಣು ಒಡೆಯುವುದನ್ನೂ ಬೀಜ ಒಣಗಿಸುವುದನ್ನೂ ಅಲ್ಲೇ ನೋಡಿ ಬರಬಹುದು.

ಊಟಿ ಇರುವುದು 2,240 ಮೀಟರ್ ಎತ್ತರದಲ್ಲಿ. ಆ ಚಳಿಗೆ ಕೋಕೋ ಮರ ಬರುವುದಿಲ್ಲ. ಗಿರಿಧಾಮಗಳಲ್ಲಿ 'ಹೋಮ್‌ಮೇಡ್ ಚಾಕೊಲೇಟ್' ಬೋರ್ಡಿನ ಕೆಳಗೆ ಎಷ್ಟೋ ಕಡೆ ನಡೆಯುವುದು ಕಾಂಪೌಂಡ್ ಗಟ್ಟಿಯನ್ನು ಕರಗಿಸಿ ಅಚ್ಚಿಗೆ ಹಾಕುವ ಕೆಲಸ. ಕಾಂಪೌಂಡ್ ಅಂದರೆ ಕೋಕೋ ಬೆಣ್ಣೆಯ ಬದಲು ತಾಳೆಯಂಥ ಬೇರೆ ಕೊಬ್ಬು ಹಾಕಿದ್ದು. ಅದಕ್ಕೆ ಹದವೂ ಬೇಡ, ಕಷ್ಟವೂ ಇಲ್ಲ. ತಿಂದ ಮೇಲೆ ಬಾಯಿ ಮೇಲ್ಭಾಗದಲ್ಲಿ ಜಿಡ್ಡು ಹಾಗೇ ಉಳಿಯುತ್ತದೆ. ಅದನ್ನು ಕಲಿಯಲು ದುಡ್ಡು ಕೊಡಬೇಡಿ.

ಬುಕ್ ಮಾಡುವ ಮೊದಲು ಮೂರು ಮಾತು ಕೇಳಿ. ಟೆಂಪರಿಂಗ್, ಅಂದರೆ ಹದ ಹಿಡಿಯುವುದನ್ನು, ನಮ್ಮ ಕೈಯಲ್ಲೇ ಮಾಡಿಸುತ್ತೀರಾ? ಆ ಕೋಣೆಗೆ ಎಸಿ ಇದೆಯಾ? ಕೋಕೋ ಬೆಣ್ಣೆ ಬಿಟ್ಟು ಬೇರೆ ಕೊಬ್ಬು ಹಾಕುತ್ತೀರಾ? ಮೊದಲ ಎರಡಕ್ಕೆ ಹೌದು, ಮೂರನೆಯದಕ್ಕೆ ಇಲ್ಲ ಅಂದರೆ ಮಾತ್ರ ಹೋಗಿ. ಕರಾವಳಿಯ ಸೆಕೆಯಲ್ಲಿ ಎಸಿ ಇಲ್ಲದ ಕೋಣೆಯಲ್ಲಿ ಒಳ್ಳೆಯ ಹದ ಹಿಡಿಯುವುದು ಬಹಳ ಕಷ್ಟ.

ಹಣ್ಣು, ಬೀಜ, ಹುರಿಯುವುದು

ಇದು ಸುಲಭ, ನೋಡಲು ಚೆಂದ. ಕೋಕೋ ಕಾಯಿ ಕೊಂಬೆಯ ತುದಿಯಲ್ಲಲ್ಲ, ಮರದ ಮೈಗೇ ಅಂಟಿಕೊಂಡು ಬಿಡುತ್ತದೆ. ಒಂದೊಂದರಲ್ಲಿ 30-40 ಬೀಜ. ಸುತ್ತಲಿನ ಬಿಳಿ ತಿರುಳು ಹುಳಿ ಸಿಹಿಯಾಗಿರುತ್ತದೆ, ತಪ್ಪದೆ ಚೀಪಿ ನೋಡಿ. ಕೊಯ್ದ ಬೀಜವನ್ನು 5-6 ದಿನ ರಾಶಿ ಹಾಕಿ ಹುದುಗಿಸಿ, ಆಮೇಲೆ ಬಿಸಿಲಿಗೆ ಒಣಗಿಸುತ್ತಾರೆ. ಕ್ಲಾಸಿನಲ್ಲಿ ಅಷ್ಟು ಹೊತ್ತು ಇರುವುದಿಲ್ಲ, ಒಣಗಿದ ಬೀಜವನ್ನೇ ಕೈಗೆ ಕೊಡುತ್ತಾರೆ.

ಒಂದು ಬೀಜ ತೆಗೆದುಕೊಂಡು ಉದ್ದಕ್ಕೆ ಸೀಳಿ ನೋಡಿ. ಒಳಗೆ ಕಂದು ಬಣ್ಣ, ನಡುನಡುವೆ ಬಿರುಕು ಇದ್ದರೆ ಚೆನ್ನಾಗಿ ಹುದುಗಿದೆ. ನೇರಳೆ ಬಣ್ಣ ಜಾಸ್ತಿ ಇದ್ದರೆ ಹುದುಗಿದ್ದು ಸಾಲದು. ಬೂದು ಬಣ್ಣಕ್ಕಿದ್ದು ಗಟ್ಟಿಯಾಗಿದ್ದರೆ ಹುದುಗೇ ಇಲ್ಲ. ಅಂಥ ಬೀಜದಿಂದ ಚಾಕೊಲೇಟಿನ ರುಚಿ ಬರುವುದಿಲ್ಲ, ಎಷ್ಟು ಸಕ್ಕರೆ ಸುರಿದರೂ ಅಷ್ಟೇ. ಮನೆಗೆ ಬೀಜ ಕೊಳ್ಳುವುದಾದರೆ ಹೀಗೆ ಹತ್ತಾರು ಸೀಳಿ ನೋಡಿಯೇ ಕೊಳ್ಳಿ.

ಓವನ್ನಿನಲ್ಲಿ 120-140 ಡಿಗ್ರಿಗೆ 20-30 ನಿಮಿಷ ಹುರಿದರೆ ಸಾಕು. ಬಾಣಲೆಯಾದರೆ ಸಣ್ಣ ಉರಿಯಲ್ಲಿ ಕೈ ಬಿಡದೆ ಕೆದಕುತ್ತಿರಿ. ಚಟಪಟ ಸದ್ದು ಬಂದು ಸಿಪ್ಪೆ ಸಡಿಲವಾದಾಗ ಇಳಿಸಿ. ಆರಿದ ಮೇಲೆ ಜಜ್ಜಿ, ಸಿಪ್ಪೆ ಹಾರಿಸಿ. ಕೆಲವು ಕಡೆ ಇದಕ್ಕೆ ಹೇರ್ ಡ್ರೈಯರ್ ಕೊಡುತ್ತಾರೆ. ಮೊರದಲ್ಲಿ ಕೇರುವುದು ಗೊತ್ತಿರುವವರು ಮೊರವನ್ನೇ ಹಿಡಿಯಿರಿ, ಕೆಲಸ ಬೇಗ ಆಗುತ್ತದೆ. ಸಿಪ್ಪೆ ಉಳಿದರೆ ಚಾಕೊಲೇಟ್ ಒಗರಾಗುತ್ತದೆ.

ರುಬ್ಬುವುದು

ನಾಲಿಗೆಗೆ ಮರಳು ಸಿಗದಷ್ಟು ನುಣ್ಣಗೆ ಆಗಬೇಕಾದರೆ ಬೀಜ, ಸಕ್ಕರೆ ಎರಡೂ 20-25 ಮೈಕ್ರಾನಿಗೆ ಇಳಿಯಬೇಕು. ಕಲ್ಲಿನ ಗ್ರೈಂಡರಿನಲ್ಲಿ ಒಂದು ಹಗಲು ಒಂದು ರಾತ್ರಿಯಾದರೂ ಬೇಕು. ಆದ್ದರಿಂದ ಕ್ಲಾಸಿನವರು ಹಿಂದಿನ ದಿನವೇ ಹಾಕಿ ರುಬ್ಬಿಟ್ಟಿರುತ್ತಾರೆ. ಅದರಲ್ಲಿ ಮೋಸವೇನಿಲ್ಲ. ಯಂತ್ರವನ್ನು ಹತ್ತಿರ ಹೋಗಿ ನೋಡಿ, ಗುರುತು ಸಿಗುತ್ತದೆ. ನಮ್ಮ ಇಡ್ಲಿ ಹಿಟ್ಟಿನ ಗ್ರೈಂಡರನ್ನೇ ತಿದ್ದಿ ಮಾಡಿದ್ದು ಅದು. ಕೊಯಮತ್ತೂರಿನ ಕಡೆಯಿಂದ ಹೋದ ಈ ಕಲ್ಲಿನ ಯಂತ್ರದಲ್ಲೇ ಅಮೆರಿಕ, ಯುರೋಪಿನ ಎಷ್ಟೋ ಸಣ್ಣ ಚಾಕೊಲೇಟ್ ತಯಾರಕರು ಕೆಲಸ ಮಾಡುತ್ತಾರೆ.

ಹಾಗಂತ ಮನೆಯ ಗ್ರೈಂಡರನ್ನು ರಾತ್ರಿಯಿಡೀ ಓಡಿಸಬೇಡಿ. ಅದರ ಮೋಟಾರು ಅಷ್ಟು ಹೊತ್ತು ತಡೆಯುವಂತೆ ಮಾಡಿದ್ದಲ್ಲ. ಮಿಕ್ಸಿಯಂತೂ ಬೇಡವೇ ಬೇಡ. ಮನೆಯಲ್ಲಿ ಮಾಡುವವರು ರುಬ್ಬುವ ಗೋಜಿಗೇ ಹೋಗದೆ 60-70 ಶೇಕಡ ಕೋಕೋ ಇರುವ ಒಳ್ಳೆಯ ಡಾರ್ಕ್ ಚಾಕೊಲೇಟ್ ತಂದು ಮುಂದಿನ ಹಂತ ಕಲಿಯಿರಿ. ಲೇಬಲ್ಲಿನಲ್ಲಿ ಕೋಕೋ ಬೆಣ್ಣೆ ಇರಬೇಕು, 'ಹೈಡ್ರೋಜನೇಟೆಡ್ ವೆಜಿಟೆಬಲ್ ಫ್ಯಾಟ್' ಅಂತ ಇರಬಾರದು. ಚಾಕೊಲೇಟ್ ಚಿಪ್ಸ್ ಕೂಡ ಬೇಡ. ಕೇಕಿನೊಳಗೆ ಆಕಾರ ಬಿಡದೆ ಇರಲಿ ಅಂತ ಮಾಡಿದ್ದು ಅದು, ಕರಗಿದರೂ ಮಂದವಾಗಿಯೇ ಇರುತ್ತದೆ.

ಮಂಡ್ಯದ ಕಡೆಯವರು ಒಂದು ಮಾತು ಕೇಳಿಯೇ ಕೇಳುತ್ತಾರೆ: ಸಕ್ಕರೆ ಬದಲು ಬೆಲ್ಲ ಹಾಕಬಹುದಾ? ಹಾಕಬಹುದು, ರುಚಿಯೂ ಚೆನ್ನ. ಆದರೆ ಅಚ್ಚು ಬೆಲ್ಲ ಕುಟ್ಟಿ ಹಾಕಿದರೆ ಅದರ ತೇವಕ್ಕೆ ಎಲ್ಲವೂ ಮುದ್ದೆಯಾಗುತ್ತದೆ. ಪುಡಿ ಬೆಲ್ಲವನ್ನು ಓವನ್ನಿನಲ್ಲಿ ಕಡಿಮೆ ಬಿಸಿಯಲ್ಲಿ ಗಂಟೆಗಟ್ಟಲೆ ಒಣಗಿಸಿ, ಕೈಗೆ ಅಂಟದಂತಾದ ಮೇಲೆ, ರುಬ್ಬುವಾಗಲೇ ಹಾಕಬೇಕು. ಕರಗಿದ ಚಾಕೊಲೇಟಿಗೆ ಆಮೇಲೆ ಬೆರೆಸುವುದಲ್ಲ.

ಹದ ಹಿಡಿಯುವುದು

ಇಲ್ಲಿ ನಿಧಾನವಾಗಿ ಓದಿ.

ಕರಗಿಸಿದ ತುಪ್ಪ ನಿಧಾನಕ್ಕೆ ಆರಿದರೆ ದೊಡ್ಡ ಹರಳಾಗಿ, ಫ್ರಿಜ್ಜಿನಲ್ಲಿ ಬೇಗ ಆರಿದರೆ ನುಣ್ಣಗೆ ಕೂರುತ್ತದೆ ಅಲ್ವಾ? ಕೋಕೋ ಬೆಣ್ಣೆಯೂ ಆರುವ ರೀತಿಯ ಮೇಲೆ ಬೇರೆ ಬೇರೆ ಹರಳಾಗುತ್ತದೆ. ಒಟ್ಟು 6 ಬಗೆ. ನಮಗೆ ಬೇಕಾದ್ದು 5ನೆಯದು ಮಾತ್ರ. ಮುರಿದರೆ ಟಕ್ ಅನ್ನುವುದು, ಹೊಳೆಯುವುದು, ಅಚ್ಚಿನಿಂದ ತಾನಾಗಿ ಬಿಡುವುದು ಅದೇ. ಅದು ಕರಗುವುದು ಸುಮಾರು 34 ಡಿಗ್ರಿಗೆ. ಮೊದಲ 4 ಬಗೆಗಳು 28 ಡಿಗ್ರಿಯೊಳಗೇ ಕರಗಿಹೋಗುತ್ತವೆ. ಅಂದರೆ ಚಾಕೊಲೇಟನ್ನು 31-32 ಡಿಗ್ರಿಯಲ್ಲಿ ನಿಲ್ಲಿಸಿದರೆ ಬೇಡದ್ದು ಕರಗಿರುತ್ತದೆ, ಬೇಕಾದ್ದು ಉಳಿದಿರುತ್ತದೆ. ಇಡೀ ವಿದ್ಯೆ ಇಷ್ಟೇ.

ಡಿಜಿಟಲ್ ಪ್ರೋಬ್ ಥರ್ಮಾಮೀಟರ್ ಇಲ್ಲದೆ ಶುರು ಮಾಡಬೇಡಿ. ಜ್ವರ ನೋಡುವ ಥರ್ಮಾಮೀಟರ್ ಆಗುವುದಿಲ್ಲ, ನಮಗೆ ಬೇಕಾದ 31 ಡಿಗ್ರಿಯೇ ಅದರಲ್ಲಿ ಕಾಣುವುದಿಲ್ಲ. ದೂರದಿಂದಲೇ ಬಿಸಿ ಅಳೆಯುವ ಗನ್ನಿನಂಥ ಥರ್ಮಾಮೀಟರ್ ಮೇಲ್ಪದರವನ್ನಷ್ಟೇ ತೋರಿಸುತ್ತದೆ.

500 ಗ್ರಾಂ ಡಾರ್ಕ್ ಚಾಕೊಲೇಟ್ ತೆಗೆದುಕೊಳ್ಳಿ. ಸಣ್ಣಗೆ ಹೆಚ್ಚಿ. ಅದರಲ್ಲಿ 150 ಗ್ರಾಂ ಪಕ್ಕಕ್ಕಿಡಿ. ಹದ ಹಿಡಿಯುವಾಗ 'ಬೀಜ' ಅಂದರೆ ಇದೇ, ಕೋಕೋ ಬೀಜವಲ್ಲ. ಒಳ್ಳೆಯ ಹರಳು ಅದರೊಳಗೆ ಆಗಲೇ ಇದೆ. ಉಳಿದ 350 ಗ್ರಾಂ ಕರಗಿಸಬೇಕು. ಮೈಕ್ರೋವೇವ್ ಇದ್ದರೆ ಅದೇ ವಾಸಿ, 20 ಸೆಕೆಂಡಿಗೊಮ್ಮೆ ತೆಗೆದು ಕಲಕಿ. ಇಲ್ಲದಿದ್ದರೆ ಬಿಸಿನೀರಿನ ಪಾತ್ರೆಯ ಮೇಲೆ ಬಟ್ಟಲಿಡಿ. ನೀರು ಕುದಿಯಬಾರದು, ಬಟ್ಟಲಿನ ತಳಕ್ಕೆ ತಾಗಬಾರದು, ಪಾತ್ರೆಗಿಂತ ಬಟ್ಟಲು ಅಗಲವಾಗಿರಬೇಕು. ಇಲ್ಲದಿದ್ದರೆ ಪಕ್ಕದಿಂದ ಆವಿ ಎದ್ದು ಚಾಕೊಲೇಟಿಗೆ ಬೀಳುತ್ತದೆ.

ಈ ನೀರಿನ ವಿಷಯವನ್ನು ಎಷ್ಟು ಸಲ ಹೇಳಿದರೂ ಸಾಲದು. ಒಂದು ಹನಿ ಬಿದ್ದರೂ ಒಳಗಿನ ಸಕ್ಕರೆ ಒದ್ದೆಯಾಗಿ ಒಂದಕ್ಕೊಂದು ಅಂಟಿಕೊಳ್ಳುತ್ತದೆ. ನೋಡನೋಡುತ್ತಿದ್ದಂತೆ ಹೊಳಪೆಲ್ಲ ಹೋಗಿ ಒಣ ಮುದ್ದೆ. ತೊಳೆದು ಒರೆಸದ ಸೌಟು, ಒದ್ದೆ ಕೈ, ಮೇಲೆ ಮುಚ್ಚಿದ ತಟ್ಟೆಯಿಂದ ಜಾರಿದ ಬೆವರು, ನೀರಿನಂಥ ವೆನಿಲಾ ಎಸೆನ್ಸು, 'ಸ್ವಲ್ಪ ಹಾಲು ಹಾಕೋಣ' ಅನ್ನುವ ಪ್ರೀತಿ, ಎಲ್ಲದರ ಫಲವೂ ಒಂದೇ. ಮರದ ಸೌಟು ತೇವ ಹಿಡಿದಿಟ್ಟುಕೊಳ್ಳುತ್ತದೆ, ಸಿಲಿಕೋನ್ ಸ್ಪ್ಯಾಚುಲಾ ಬಳಸಿ. ಹಾಲಿನ ರುಚಿ ಬೇಕಾದರೆ ರುಬ್ಬುವಾಗಲೇ ಹಾಲಿನ ಪುಡಿ ಹಾಕಿರಬೇಕು. ಮುದ್ದೆಯಾದದ್ದನ್ನು ಎಸೆಯಬೇಡಿ. ಬಿಸಿ ಹಾಲು ಜಾಸ್ತಿಯೇ ಹಾಕಿ ಕಲಕಿದರೆ ಒಳ್ಳೆಯ ಸಾಸ್ ಆಗುತ್ತದೆ.

ಕರಗಿದ್ದು 45ರಿಂದ 48 ಡಿಗ್ರಿ ಮುಟ್ಟಬೇಕು. ಹಳೆಯ ಹರಳೆಲ್ಲ ಕರಗಲಿ. 50 ದಾಟಿಸಬೇಡಿ. ಕೆಳಗಿಳಿಸಿ ಮೊದಲು ಬಟ್ಟಲಿನ ತಳವನ್ನು ಒಣಬಟ್ಟೆಯಿಂದ ಒರೆಸಿ. ಹೊಯ್ಯುವಾಗ ಅಲ್ಲಿಂದಲೇ ಹನಿ ಜಾರುವುದು. ಈಗ ಪಕ್ಕಕ್ಕಿಟ್ಟ ಬೀಜವನ್ನು ಒಂದೊಂದು ಹಿಡಿಯಾಗಿ ಹಾಕುತ್ತಾ ಕಲಕಿ. ಒಂದೇ ಸಲ ಸುರಿಯಬೇಡಿ. ಬಟ್ಟಲಿನ ಅಂಚು ಬೇಗ ಆರುತ್ತದೆ, ಅದನ್ನು ಕೆರೆದು ನಡುವಿಗೆ ತರುತ್ತಾ ಇರಿ. ಜೋರಾಗಿ ಕಡೆದು ಗುಳ್ಳೆ ಎಬ್ಬಿಸಬೇಡಿ. ಪ್ರತಿ ಸಲ ಕಲಕಿದ ಮೇಲೆಯೇ ಥರ್ಮಾಮೀಟರ್ ನೋಡಿ. 31-32ಕ್ಕೆ ಇಳಿಯಲು ಹತ್ತು ಹದಿನೈದು ನಿಮಿಷ ಹಿಡಿಯುತ್ತದೆ. ಬಹಳ ಜನ ಇಲ್ಲೇ ತಾಳ್ಮೆ ಕಳೆದುಕೊಂಡು 36ರಲ್ಲೇ ಅಚ್ಚಿಗೆ ಹೊಯ್ಯುತ್ತಾರೆ. ಬಿಳಿ ಮಚ್ಚೆ ಬರುವುದು ಅದರಿಂದ. ಮಿಲ್ಕ್ ಚಾಕೊಲೇಟ್ ಆದರೆ 29-30ಕ್ಕೆ ಇಳಿಸಿ.

ಕ್ಲಾಸಿನಲ್ಲಿ ಗ್ರೈಂಡರಿನಿಂದ ನೇರ ಬಂದ ಚಾಕೊಲೇಟಿಗೆ ಬೀಜ ಇರುವುದಿಲ್ಲ. ಅಲ್ಲಿ ಕಲ್ಲಿನ ಮೇಲೆ ಹರಡಿ, ತಗಡಿನಿಂದ ಎಳೆದು, ಒಟ್ಟುಮಾಡಿ 27-28ಕ್ಕೆ ಇಳಿಸಿ, ಮತ್ತೆ 31-32ಕ್ಕೆ ಏರಿಸುತ್ತಾರೆ. ಆ ಎಳೆಯುವ ಕೆಲಸವನ್ನು ಕೇಳಿ ಪಡೆದು ಮಾಡಿ. ಹರಳು ಹುಟ್ಟುತ್ತಿದ್ದಂತೆ ತಗಡು ಎಳೆದ ಗೆರೆ ಬೇಗ ಮುಚ್ಚಿಕೊಳ್ಳದೆ ನಿಲ್ಲುತ್ತದೆ, ಕೈಗೆ ತೂಕ ತಿಳಿಯುತ್ತದೆ. ಇದನ್ನು ವಿಡಿಯೋ ನೋಡಿ ಕಲಿಯಲಾಗುವುದಿಲ್ಲ, ಕೈಯೇ ಕಲಿಯಬೇಕು. ಒಂದಿಷ್ಟು ತೆಗೆದು ಕೆಳತುಟಿಯ ಕೆಳಗೆ ಹಚ್ಚಿಕೊಳ್ಳಿ. 31ರಲ್ಲಿ ತಣ್ಣಗೆ ಅನಿಸುತ್ತದೆ, 36ರಲ್ಲಿ ಬೆಚ್ಚಗೆ ಅನಿಸುತ್ತದೆ.

ಹೊಯ್ಯುವ ಮೊದಲು ಪರೀಕ್ಷೆ. ಚಾಕುವಿನ ತುದಿಯನ್ನು ಅದ್ದಿ ತಟ್ಟೆಯ ಮೇಲಿಡಿ. ತಣ್ಣನೆಯ ಕೋಣೆಯಲ್ಲಿ ಐದು ನಿಮಿಷದೊಳಗೆ ಗಟ್ಟಿಯಾಗಿ, ಒಂದೇ ಸಮ ಹೊಳೆದರೆ ಹದ ಬಂದಿದೆ. ಗೆರೆ ಗೆರೆ ಕಂಡರೆ, ಬೆರಳಿಗೆ ಅಂಟಿದರೆ ಇನ್ನೊಂದು ಹಿಡಿ ಬೀಜ ಹಾಕಿ ಕಲಕಿ. ಕೆಲಸದ ನಡುವೆ ಮಂದವಾದರೆ ಹೇರ್ ಡ್ರೈಯರ್‌ನಿಂದ ಎರಡು ಮೂರು ಸೆಕೆಂಡು ಬೆಚ್ಚಗೆ ಮಾಡಿ. 34 ದಾಟಿತೋ, ಮತ್ತೆ 45ರಿಂದಲೇ ಶುರು.

ಕೋಣೆ 20-22 ಡಿಗ್ರಿ ಇದ್ದರೆ ಒಳ್ಳೆಯದು. ಏಪ್ರಿಲ್ ಮಧ್ಯಾಹ್ನ ಮೈಸೂರಿನಲ್ಲೇ ಹೊರಗೆ 34 ಮುಟ್ಟುತ್ತದೆ, ಆಗ ಚಾಕೊಲೇಟ್ ಗಟ್ಟಿಯಾಗುವುದಾದರೂ ಹೇಗೆ? ನವೆಂಬರ್‌ನಿಂದ ಫೆಬ್ರವರಿವರೆಗೆ, ಬೆಳಗಿನ ಜಾವ, ಒಲೆ ಹಚ್ಚುವ ಮೊದಲು ಮಾಡಿ. ಬೇಸಿಗೆ ರಜೆಯಲ್ಲಿ ಕಲಿತು ಬಂದವರು ಒಂದೋ ಎಸಿ ಕೋಣೆಯಲ್ಲಿ ಕೂತು ಮಾಡಿ, ಇಲ್ಲ ಚಳಿಗಾಲಕ್ಕೆ ಕಾಯಿರಿ.

ಅಚ್ಚು, ಪ್ರಯಾಣ, ಡಬ್ಬಿ

ಗಟ್ಟಿ ಪಾಲಿಕಾರ್ಬೊನೇಟ್ ಅಚ್ಚು ಕೊಳ್ಳಿ, ಹತ್ತಿಯಿಂದ ಒರೆಸಿ ಬಳಸಿ. ಮೆತ್ತನೆಯ ಸಿಲಿಕೋನ್ ಅಚ್ಚಿನಲ್ಲಿ ಅಂಥ ಹೊಳಪು ಬರುವುದಿಲ್ಲ. ಹೊಯ್ದು, ಮೇಜಿಗೆ ನಾಲ್ಕು ಸಲ ತಟ್ಟಿ ಗುಳ್ಳೆ ಬಿಡಿಸಿ, ಹದಿನೈದು ನಿಮಿಷ ಫ್ರಿಜ್ಜಿನಲ್ಲಿಡಿ. ಅಚ್ಚನ್ನು ಬೋರಲು ಹಾಕಿದರೆ ತಾನಾಗಿ ಬೀಳಬೇಕು. ಬೀಳಲಿಲ್ಲ ಅಂತ ಕುಟ್ಟಬೇಡಿ, ಹದ ತಪ್ಪಿದೆ ಅಂತ ಅರ್ಥ, ಕರಗಿಸಿ ಮತ್ತೆ ಮಾಡಿ. ಗೋಡಂಬಿ, ದ್ರಾಕ್ಷಿ, ಬಣ್ಣದ ಮಣಿಗಳನ್ನು ಮೊದಲ ಸಲ ಹಾಕಬೇಡಿ. ಬರೀ ಚಾಕೊಲೇಟ್ ಸರಿಯಾಗಿ ಬರಲಿ.

ಕ್ಲಾಸಿನಲ್ಲಿ ಮಾಡಿದ್ದನ್ನು ಊರಿಗೆ ತರುವಾಗ ಕಾರಿನ ಡಿಕ್ಕಿಯಲ್ಲಿಡಬೇಡಿ. ಪುತ್ತೂರಿನಿಂದ ಘಾಟಿ ಹತ್ತುವಷ್ಟರಲ್ಲಿ ಕರಗಿಹೋಗುತ್ತದೆ. ಬಟ್ಟೆಯಲ್ಲಿ ಸುತ್ತಿದ ಐಸ್ ಪ್ಯಾಕ್ ಜೊತೆ ಥರ್ಮೋಕೋಲ್ ಡಬ್ಬಿಯಲ್ಲಿ, ಕಾಲಿನ ಹತ್ತಿರ ಇಡಿ. ವಿಮಾನದಲ್ಲಿ ಕೈಚೀಲದಲ್ಲೇ ಇರಲಿ.

ಮನೆಯಲ್ಲಿ ಇಂಗು, ಕಾಫಿಪುಡಿ, ಸಾರಿನ ಪುಡಿಯಿಂದ ದೂರ ಇಡಿ, ಚಾಕೊಲೇಟ್ ಎಲ್ಲ ವಾಸನೆಯನ್ನೂ ಹೀರುತ್ತದೆ. ಬೇಸಿಗೆಯಲ್ಲಿ ಫ್ರಿಜ್ಜೇ ಗತಿ. ಆಗ ಕಾಗದದಲ್ಲಿ ಸುತ್ತಿ, ಗಾಳಿಯಾಡದ ಡಬ್ಬಿಗೆ ಹಾಕಿ. ಹೊರಗೆ ತೆಗೆದ ಮೇಲೆ ಒಂದು ಗಂಟೆ ಮುಚ್ಚಳ ತೆಗೆಯಬೇಡಿ. ತಣ್ಣನೆಯ ಬಾರಿನ ಮೇಲೆ ಗಾಳಿಯ ತೇವ ಕೂತರೆ ಸಕ್ಕರೆ ಕರಗಿ, ಒಣಗಿದಾಗ ಒರಟಾದ ಬಿಳಿ ಪದರವಾಗುತ್ತದೆ. ಬೆರಳಾಡಿಸಿ ನೋಡಿ. ಜಿಡ್ಡಿನ ಬಿಳಿಯಾದರೆ ಅದು ಕೋಕೋ ಬೆಣ್ಣೆ, ಮತ್ತೆ ಕರಗಿಸಿ ಹದ ಮಾಡಬಹುದು. ಒರಟು ಬಿಳಿಯಾದರೆ ಸಕ್ಕರೆ. ಅದನ್ನು ಬಿಸಿ ಹಾಲಿಗೆ ಹಾಕಿ ಕುಡಿಯಿರಿ, ಅಚ್ಚಿಗೆ ಬೇಡ.