ಹನ್ನೆರಡು ಪರ್ಸೆಂಟ್ ಅರವತ್ತಾದ ಕೇಸು

ವಾಹನ ಅಪಘಾತದಲ್ಲಿ ಬಲ ಪಾದ ಕೆಟ್ಟ ಕೊನೆಗಾರನ, ಅಂದರೆ ಅಡಿಕೆ ಮರ ಹತ್ತಿ ಕೊನೆ ಕೊಯ್ಯುವವನ, ಪರಿಹಾರದ ಕೇಸಿಗೆ ನಾನು ವಕೀಲ. ವೈದ್ಯರು ಇಡೀ ದೇಹಕ್ಕೆ 12 ಪರ್ಸೆಂಟ್ ವೈಕಲ್ಯ ಅಂದಿದ್ದರು. ನ್ಯಾಯಮಂಡಳಿ ಗಳಿಕೆ ಸಾಮರ್ಥ್ಯದ ನಷ್ಟ 60 ಪರ್ಸೆಂಟ್ ಅಂತ ಬರೆಯಿತು. ವಿಮಾ ಕಂಪನಿ ಅಪೀಲು ಹೋದರೂ ಅದು ಅಲುಗಾಡಲಿಲ್ಲ. "ಲೋಕ ಅದಾಲತ್‌ನಲ್ಲಿ ನಾಲ್ಕೂವರೆ ಲಕ್ಷಕ್ಕೆ ಮುಗಿಸಿಬಿಡು ಮಾರಾಯ" ಅಂದಿದ್ದ ಹಿರಿಯರೇ ಈಗ ತೀರ್ಪಿನ ಜೆರಾಕ್ಸ್ ಕೇಳುತ್ತಿದ್ದಾರೆ. ಎಲ್ಲರಿಗೂ ಬಾಯಲ್ಲಿ ಹೇಳುವ ಬದಲು ಇಲ್ಲೇ ಬರೆದುಬಿಡುತ್ತೇನೆ.

ಈ ದಾರಿ ಮೊದಲ ಸಲಕ್ಕೇ ಒಲಿದದ್ದಲ್ಲ. ಹಿಂದೆ ಗಾರೆ ಕೆಲಸದವನೊಬ್ಬನಿಗಾಗಿ ದೇಹದ ವೈಕಲ್ಯ ಬೇರೆ, ಗಳಿಕೆಯ ನಷ್ಟ ಬೇರೆ ಅನ್ನುವ ಸುಪ್ರೀಂ ಕೋರ್ಟಿನ 2011ರ ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ತೀರ್ಪು ಹಿಡಿದು ಗಂಟಲು ಹರಿಯುವಷ್ಟು ವಾದಿಸಿದ್ದೆ. ಕೈಯ ವೈಕಲ್ಯದಲ್ಲಿ ಮೂರನೇ ಒಂದು ಭಾಗ ಅಂತ ಹದಿನಾಲ್ಕೋ ಹದಿನೈದೋ ಪರ್ಸೆಂಟ್ ಕೊಟ್ಟು ಮುಗಿಸಿದರು. ಟೈಲರ್ ಒಬ್ಬರದ್ದೂ ಅದೇ ಗತಿ. ಕಸುಬು ಹೇಗೆ ನಡೆಯುತ್ತದೆ ಅನ್ನುವುದು ಕಡತದಲ್ಲೇ ಇಲ್ಲದಿದ್ದರೆ ನ್ಯಾಯಾಧೀಶರು ಎಲ್ಲಿಂದ ತರಬೇಕು?

ಹಾಗಾಗಿ ಈ ಸಲ ವೈದ್ಯರ ಹತ್ತಿರ ಪರ್ಸೆಂಟಿಗಾಗಿ ಜಗ್ಗಾಡಲಿಲ್ಲ. ಹೇಗೂ ಗಳಿಕೆ ನಷ್ಟ ಎಷ್ಟು ಅಂತ ಹೇಳುವುದು ಅವರ ಕೆಲಸವಲ್ಲ. ಪಾದ ಯಾವ ಕಡೆ ಎಷ್ಟು ತಿರುಗುತ್ತದೆ, ಅಷ್ಟೇ ಕೇಳಿದೆ. ಅಡಿಕೆ ಮರ ಹತ್ತುವವನ ಎರಡೂ ಅಂಗಾಲು ಒಳಮುಖವಾಗಿ ತಿರುಗಿ ಕಾಂಡವನ್ನು ಅಪ್ಪಬೇಕು, ತಳೆ (ಕಾಲಿಗೆ ಸಿಕ್ಕಿಸುವ ಹಗ್ಗದ ಬಳೆ) ಎರಡು ಪಾದಗಳ ನಡುವೆ ಬಿಗಿದು ನಿಲ್ಲಬೇಕು. ಇವನ ಬಲ ಪಾದ ಒಳಕ್ಕೆ ತಿರುಗುವುದೇ ಇಲ್ಲ, ಮೇಲಕ್ಕೆ ಬಾಗುವುದು ಐದು ಡಿಗ್ರಿ ಇದ್ದರೆ ಹೆಚ್ಚು. ಪ್ರಶ್ನೆಗಳನ್ನು ಯಾವ ಕ್ರಮದಲ್ಲಿ ಇಟ್ಟೆ ಅನ್ನುವುದನ್ನು ಮಾತ್ರ ಬರೆಯುವುದಿಲ್ಲ, ಎದುರು ಪಕ್ಷದ ಗೆಳೆಯರೂ ಓದುತ್ತಾರೆ.

ಆದಾಯದ್ದು ಇನ್ನೊಂದು ತಲೆನೋವು. ಕೊನೆಗಾರನಿಗೆ ಸಂಬಳದ ಚೀಟಿ ಎಲ್ಲಿಂದ ಬರಬೇಕು? ಇಂಥವರಿಗೆ ಕಾನೂನು ಸೇವಾ ಪ್ರಾಧಿಕಾರದ ಚಾರ್ಟ್ ನೋಡಿ ಕಾಲ್ಪನಿಕ ಆದಾಯ ಹಚ್ಚುವುದು ರೂಢಿ. ತೋಟದ ಯಜಮಾನರನ್ನು ಕೇಳಿದರೆ ಒಬ್ಬರಿಗೆ ಕೋರ್ಟೆಂದರೆ ಭಯ, ಇನ್ನೊಬ್ಬರಿಗೆ ತೆರಿಗೆಯ ಭಯ. ಕಡೆಗೆ ಬಂದವರು ಒಬ್ಬರೇ, ಆದರೆ ಲೆಕ್ಕದ ಪುಸ್ತಕ ಹಿಡಿದುಕೊಂಡೇ ಬಂದರು. ಮಳೆಗಾಲದಲ್ಲಿ ಕೊಳೆ ರೋಗಕ್ಕೆ ಬೋರ್ಡೋ ದ್ರಾವಣ ಹೊಡೆಸಿದ್ದು, ಆಮೇಲಿನ ಕೊಯ್ಲು, ಕೊಟ್ಟ ಕೂಲಿ, ಮುಂಗಡ, ಎಲ್ಲ ಅದರಲ್ಲಿತ್ತು. "ವರ್ಷಕ್ಕೆ ನಾಲ್ಕು ತಿಂಗಳ ಕೆಲಸ" ಅನ್ನುವ ಕಂಪನಿಯ ವಾದ ಅಲ್ಲಿಗೇ ಬಿತ್ತು. ನಾನು ಕೇಳಿದ್ದು ತಿಂಗಳಿಗೆ 25,000, ಒಪ್ಪಿದ್ದು 18,000.

ಪಾಟೀಸವಾಲಿನಲ್ಲಿ ಕಂಪನಿಯ ವಕೀಲರು ಒಳ್ಳೆಯ ಬಾಣವನ್ನೇ ಬಿಟ್ಟರು. "ಈಗ ಕಾರ್ಬನ್ ಫೈಬರ್ ದೋಟಿ ಬಂದಿದೆಯಲ್ಲ, ನೆಲದ ಮೇಲೇ ನಿಂತು ಕೊಯ್ಯಬಹುದಲ್ಲ?" ನನ್ನ ಎದೆ ಒಮ್ಮೆ ಧಸಕ್ಕೆಂದಿತು. ಯಜಮಾನರು ಮಾತ್ರ ತಣ್ಣಗೆ, "ದೋಟಿ ಹಿಡಿದವನು ದಿನವಿಡೀ ಮೇಲೆ ನೋಡುತ್ತಾ, ಬಸಿಗಾಲುವೆ ದಾಟುತ್ತಾ ಕಾಲು ಬದಲಿಸುತ್ತಲೇ ಇರಬೇಕು ಸ್ವಾಮಿ. ಇವನಿಗೆ ಕೋಲಿಲ್ಲದೆ ಅಂಗಳ ದಾಟಲಿಕ್ಕಾಗುವುದಿಲ್ಲ" ಅಂದರು. ಅದು ಹಾಗೇ ದಾಖಲಾಯಿತು.

ನಡುವೆ ಒಂದೆರಡು ಪ್ರಯೋಗ ಮಾಡಿದೆ. ಬೇರೊಬ್ಬ ಕೊನೆಗಾರ ಮರ ಹತ್ತುವ ವಿಡಿಯೋ ಮಾಡಿಸಿ, ಪೆನ್‌ಡ್ರೈವ್, ಪ್ರಮಾಣಪತ್ರ ಎಲ್ಲ ಹಾಜರು ಮಾಡಿದೆ. ಎರಡು ಸಾವಿರ ಹೋಯಿತು, ತೀರ್ಪಿನಲ್ಲಿ ಅದರ ಸುದ್ದಿಯೇ ಇಲ್ಲ. ಇವನ ಹಳೆಯ ತಳೆಯನ್ನೇ ಮೇಜಿನ ಮೇಲಿಟ್ಟದ್ದು ನೋಡಿ, ಒಂದು ಪೈಸೆ ಖರ್ಚಿಲ್ಲದ್ದು, ಅದನ್ನು ನ್ಯಾಯಾಧೀಶರು ಕೈಗೆತ್ತಿಕೊಂಡು ತಿರುಗಿಸಿ ನೋಡಿದರು!

ಗಾಡಿ ಎಳೆಯುವವನಿಗೆ 90 ಪರ್ಸೆಂಟ್ ಗಳಿಕೆ ನಷ್ಟ ಕೊಟ್ಟ ಮೋಹನ್ ಸೋನಿ (2012), ತರಕಾರಿ ಮಾರುವವನಿಗೆ 85 ಕೊಟ್ಟ ಸೈಯದ್ ಸಾದಿಕ್ (2014), ಸುಪ್ರೀಂ ಕೋರ್ಟಿನ ಈ ಎರಡು ತೀರ್ಪುಗಳನ್ನೂ ಇಟ್ಟಿದ್ದೆ. ಅವು ಕಾಲು ಕತ್ತರಿಸಿದ ಕೇಸುಗಳು, ಇವನಿಗೆ ಕಾಲಿದೆ ಅಂತ ಎದುರಿನವರು ಅಂದರು. ಅದರಲ್ಲಿ ಹುರುಳಿತ್ತು. ನಾನು ನೂರು ಕೇಳಿದ್ದೆ; ಕೂತು ಅಡಿಕೆ ಸುಲಿಯಬಹುದಲ್ಲ ಅಂತ 60ಕ್ಕೆ ಇಳಿಸಿದರು.

ಲೆಕ್ಕ ಹೀಗೆ: ವಯಸ್ಸು 38, ಅದಕ್ಕೆ ಗುಣಕ (ವರ್ಷದ ಗಳಿಕೆಯನ್ನು ಎಷ್ಟರಿಂದ ಗುಣಿಸಬೇಕು ಅನ್ನುವ ಸಂಖ್ಯೆ) 15. 18,000ಕ್ಕೆ ಭವಿಷ್ಯದ ಏರಿಕೆ 40 ಪರ್ಸೆಂಟ್ ಸೇರಿಸಿದರೆ 25,200. ಗಾಯದ ಕೇಸಿಗೆ ಈ ಏರಿಕೆ ಇಲ್ಲ ಅಂತ ಈಗಲೂ ವಾದಿಸುವವರಿದ್ದಾರೆ; ಅಂಥವರಿಗೆ, ಇದೆ ಅನ್ನುವ 2020ರ ಪಪ್ಪು ದೇವ್ ಯಾದವ್ ತೀರ್ಪನ್ನು ನೀವು ತೋರಿಸಬೇಕು. ಅದನ್ನು ಹನ್ನೆರಡು ತಿಂಗಳು, ಗುಣಕ 15, ನಷ್ಟ 60 ಪರ್ಸೆಂಟ್ ಅಂತ ಗುಣಿಸಿದಾಗ ಗಳಿಕೆ ನಷ್ಟದ ಒಂದೇ ಬಾಬ್ತಿಗೆ 27 ಲಕ್ಷ ಚಿಲ್ಲರೆ ಬಂತು. ಹಳೇ ಲೆಕ್ಕದಲ್ಲಿ, ಅಂದರೆ ಹದಿನಾಲ್ಕು ಸಾವಿರ ಆದಾಯ, 12 ಪರ್ಸೆಂಟ್, ಏರಿಕೆ ಇಲ್ಲ ಅಂದಿದ್ದರೆ ಮೂರು ಲಕ್ಷದ ಆಸುಪಾಸು.

ವೈದ್ಯರ ಸಾಕ್ಷಿ ಖರ್ಚು, ದಾಖಲೆ ನಕಲು, ಓಡಾಟ ಸೇರಿ ನನ್ನ ಕಿಸೆಯಿಂದ ಮೂವತ್ತು ಸಾವಿರದಷ್ಟು ಹೋಗಿತ್ತು. ಕಕ್ಷಿದಾರನ ಹತ್ತಿರ ಬಸ್ಸಿಗೂ ಕಾಸಿರಲಿಲ್ಲ. ಹೈಕೋರ್ಟ್ ಬಡ್ಡಿಯನ್ನು 9ರಿಂದ 6ಕ್ಕೆ ಇಳಿಸಿತು, ಉಳಿದದ್ದನ್ನು ಮುಟ್ಟಲಿಲ್ಲ. ಅರ್ಧ ಹಣ ಠೇವಣಿಯಲ್ಲಿದೆ, ಉಳಿದರ್ಧದಲ್ಲಿ ಆಸ್ಪತ್ರೆಯ ಸಾಲ ತೀರಿತು.

ಈಗ ಬಾಳೆಕಾಯಿ ಮೂಟೆ ಹೊರುವ ಹಮಾಲಿಯೊಬ್ಬನ ಸೊಂಟದ ಕೇಸು ಕೈಯಲ್ಲಿದೆ. ಅದೇ ಕಂಪನಿಯವರು ಮೊದಲ ಮಾತಿಗೇ ಒಂಬತ್ತು ಲಕ್ಷ ಅಂದಿದ್ದಾರೆ. ನಾನಿನ್ನೂ ಹೂಂ ಅಂದಿಲ್ಲ.